ಮನೆ ಸಾಲ: ಕಂತಿನಾಚೆಗಿನ ಲೆಕ್ಕ

ಮನೆ ಕಟ್ಟಿಸಲು ಹೊರಟವರು ಬ್ಯಾಂಕಿಗೆ ಹೋಗಿ ಬಂದ ದಿನ ಮನೆಯಲ್ಲಿ ಎಲ್ಲರೂ ಕೇಳುವುದು ‘ತಿಂಗಳಿಗೆ ಎಷ್ಟು ಬರುತ್ತಂತೆ?’ ಎಂದು. ಕಂತು ಸಂಬಳದೊಳಗೆ ಹಿಡಿಸುತ್ತದೆ ಎಂದು ಗೊತ್ತಾದ ಕೂಡಲೇ ಮಾತು ಟೈಲ್ಸ್, ಗ್ರಾನೈಟ್, ಬಾಗಿಲಿನ ಮರದ ಕಡೆಗೆ ಹೊರಳುತ್ತದೆ. ಆ ಕಂತನ್ನು ಎಷ್ಟು ವರ್ಷ ಕಟ್ಟಬೇಕು, ಅಷ್ಟು ವರ್ಷದಲ್ಲಿ ಕೈಯಿಂದ ಒಟ್ಟು ಎಷ್ಟು ಹೋಗುತ್ತದೆ, ಬಡ್ಡಿ ದರ ನಡುವೆ ಬದಲಾದರೆ ಏನಾಗುತ್ತದೆ ಎಂಬುದನ್ನು ಕೇಳುವವರು ಕಡಿಮೆ. ಹಾಸನದ ಸಾಲಗಾಮೆ ರಸ್ತೆಯ ಕಡೆ ಮೂವತ್ತು-ನಲವತ್ತರ ಸೈಟು ಕೊಂಡಿರುವ ನನ್ನ ಅಕ್ಕನ ಮಗ ಈಚೆಗೆ ಒಂದು ಸಂಜೆ ಸಾಲದ ಕಾಗದಗಳನ್ನು ತಂದು ಮೇಜಿನ ಮೇಲೆ ಹರಡಿ, ‘ಮಾವ, 30 ಲಕ್ಷಕ್ಕೆ 26 ಸಾವಿರ ಬರುತ್ತೆ, ಕಟ್ಟಬಹುದು. ಸಹಿ ಹಾಕಿಬಿಡಲಾ?’ ಎಂದು ಕೇಳಿದ. ಅಂದು ರಾತ್ರಿ ಊಟದ ಹೊತ್ತು ಮೀರುವವರೆಗೂ ಇಬ್ಬರೂ ಕೂತು ಮಾಡಿದ ಲೆಕ್ಕವನ್ನೇ, ಇತರರೂ ತಮ್ಮ ತಮ್ಮ ಅಂಕಿಗಳನ್ನು ಹಾಕಿ ನೋಡಿಕೊಳ್ಳಲು ಬರುವಂತೆ, ಇಲ್ಲಿ ಬರೆದಿದ್ದೇನೆ.

ಉದಾಹರಣೆಗೆ ಅವನ ಸಾಲವನ್ನೇ ಇಟ್ಟುಕೊಳ್ಳೋಣ: 30 ಲಕ್ಷ ರೂಪಾಯಿ, ಶೇ. 8.5 ಬಡ್ಡಿ, 20 ವರ್ಷ. ನಿಮಗೆ ಸಿಗುವ ದರ ಬೇರೆಯಿರಬಹುದು. ಲೆಕ್ಕದ ದಾರಿ ಇದೇ.

ಪಟ್ಟಿಯನ್ನು ಕೈಯಾರೆ ಬರೆಯಿರಿ

ಕಂತಿನ ಮೊತ್ತವನ್ನು ಯಾವ ಮೊಬೈಲ್ ಕ್ಯಾಲ್ಕುಲೇಟರ್ ಆದರೂ ಹೇಳುತ್ತದೆ. ಈ ಸಾಲಕ್ಕೆ ಅದು ತಿಂಗಳಿಗೆ 26,035 ರೂಪಾಯಿ. ಅಲ್ಲಿಗೆ ನಿಲ್ಲಿಸದೆ ಒಂದು ಹಾಳೆ ತೆಗೆದುಕೊಂಡು ಮೊದಲ ಮೂರು ತಿಂಗಳ ಲೆಕ್ಕವನ್ನಾದರೂ ನೀವೇ ಬರೆಯಬೇಕೆಂದು ನಾನು ಒತ್ತಾಯಿಸುತ್ತೇನೆ, ಏಕೆಂದರೆ ಬರೆದು ನೋಡಿದ ಲೆಕ್ಕ ಮನಸ್ಸಿನಲ್ಲಿ ಉಳಿಯುತ್ತದೆ. ಬಾಕಿ ಇರುವ ಅಸಲನ್ನು ವಾರ್ಷಿಕ ಬಡ್ಡಿ ದರದಿಂದ ಗುಣಿಸಿ 12 ರಿಂದ ಭಾಗಿಸಿದರೆ ಆ ತಿಂಗಳ ಬಡ್ಡಿ ಬರುತ್ತದೆ. ಕಂತಿನಲ್ಲಿ ಆ ಬಡ್ಡಿಯನ್ನು ಕಳೆದರೆ ಉಳಿಯುವುದು ಅಸಲಿಗೆ ಜಮೆಯಾಗುತ್ತದೆ. ಹೊಸ ಬಾಕಿಯ ಮೇಲೆ ಮುಂದಿನ ತಿಂಗಳ ಲೆಕ್ಕ ಶುರುವಾಗುತ್ತದೆ.

ಮೊದಲ ತಿಂಗಳು 30 ಲಕ್ಷದ ಮೇಲೆ ಬಡ್ಡಿ 21,250 ರೂಪಾಯಿ. ಅಸಲಿಗೆ ಹೋಗುವುದು 4,785. ಬಾಕಿ 29,95,215. ಎರಡನೆಯ ತಿಂಗಳು ಬಡ್ಡಿ 21,216, ಅಸಲು 4,819. ಮೂರನೆಯ ತಿಂಗಳು ಬಡ್ಡಿ 21,182, ಅಸಲು 4,853. ಹೀಗೆ ತಿಂಗಳಿಗೆ ಮೂವತ್ತೋ ನಲವತ್ತೋ ರೂಪಾಯಿಯಂತೆ ಅಸಲಿನ ಪಾಲು ಏರುತ್ತಾ ಹೋಗುತ್ತದೆ. ಮೊದಲ ವರ್ಷ ಪೂರ್ತಿ 3,12,416 ರೂಪಾಯಿ ಕಟ್ಟಿದ ಮೇಲೆ ಸಾಲ ಇಳಿದಿರುವುದು ಸುಮಾರು 59,700 ಮಾತ್ರ. ಅಕ್ಕನ ಮಗ ಮೂರನೆಯ ಸಾಲು ಬರೆದ ಮೇಲೆ ಪೆನ್ನು ಕೆಳಗಿಟ್ಟು ಸ್ವಲ್ಪ ಹೊತ್ತು ಹಾಳೆಯನ್ನೇ ನೋಡುತ್ತಿದ್ದ.

ಪೂರ್ತಿ 240 ಸಾಲುಗಳ ಪಟ್ಟಿಯನ್ನು ಬ್ಯಾಂಕಿನವರೇ ಮುದ್ರಿಸಿ ಕೊಡುತ್ತಾರೆ. ಸಾಲ ತೀರುವಳಿ ಪಟ್ಟಿ ಅಥವಾ ರಿಪೇಮೆಂಟ್ ಶೆಡ್ಯೂಲ್ ಎಂದು ಕೇಳಿ ಪಡೆಯಬೇಕು. ಅದರಲ್ಲಿ ಮೂರು ಜಾಗಗಳಲ್ಲಿ ಗುರುತು ಹಾಕಿಕೊಳ್ಳಿ. ಐದು ವರ್ಷದ ಕೊನೆಗೆ ನೀವು 15.62 ಲಕ್ಷ ಕಟ್ಟಿರುತ್ತೀರಿ, ಆದರೆ ಬಾಕಿ ಇನ್ನೂ 26.44 ಲಕ್ಷ ಇರುತ್ತದೆ. ಹತ್ತು ವರ್ಷದ ಕೊನೆಗೆ, ಅಂದರೆ ಅರ್ಧ ಅವಧಿ ಕಳೆದಾಗ, ಬಾಕಿ ಸುಮಾರು 21 ಲಕ್ಷ. ಸಾಲ ನಿಜವಾಗಿ ಅರ್ಧಕ್ಕೆ ಬರುವುದು 13 ವರ್ಷ 10 ತಿಂಗಳಾದ ಮೇಲೆ. ಬ್ಯಾಂಕು ಇಲ್ಲಿ ಮೋಸವನ್ನೇನೂ ಮಾಡುತ್ತಿಲ್ಲ. ಬಾಕಿ ದೊಡ್ಡದಿದ್ದಾಗ ಬಡ್ಡಿಯೂ ದೊಡ್ಡದಾಗಿರುತ್ತದೆ, ಅಷ್ಟೆ. ಆದರೆ ಈ ಮೂರು ಗುರುತುಗಳನ್ನು ನೋಡಿದವರಿಗೆ ಮುಂದಿನ ಎಲ್ಲಾ ಮಾತೂ ಬೇಗ ಅರ್ಥವಾಗುತ್ತದೆ.

ಅವಧಿ ಎಂಬ ದುಬಾರಿ ಸೌಲಭ್ಯ

20 ವರ್ಷಕ್ಕೆ ಈ ಸಾಲದ ಮೇಲೆ ಕಟ್ಟುವ ಒಟ್ಟು ಹಣ 62.48 ಲಕ್ಷ, ಅದರಲ್ಲಿ ಬಡ್ಡಿ 32.48 ಲಕ್ಷ. ಅದೇ ಸಾಲವನ್ನು 15 ವರ್ಷಕ್ಕೆ ತೆಗೆದುಕೊಂಡರೆ ಕಂತು 29,542 ಆಗುತ್ತದೆ, ಒಟ್ಟು ಬಡ್ಡಿ 23.18 ಲಕ್ಷಕ್ಕೆ ಇಳಿಯುತ್ತದೆ. ತಿಂಗಳಿಗೆ ಸುಮಾರು 3,500 ರೂಪಾಯಿ ಹೆಚ್ಚು ಕಟ್ಟಿದ್ದಕ್ಕೆ ಉಳಿದ ಬಡ್ಡಿ 9.3 ಲಕ್ಷ. ಇನ್ನೊಂದು ಕಡೆಗೆ ಹೋಗಿ 30 ವರ್ಷ ಎಂದರೆ ಕಂತು 23,067 ಕ್ಕೆ ಇಳಿಯುತ್ತದೆ, ನೋಡಲು ಹಗುರ. ಆದರೆ ಬಡ್ಡಿ 53.04 ಲಕ್ಷಕ್ಕೆ ಏರುತ್ತದೆ. ಕಂತಿನಲ್ಲಿ 3,000 ರೂಪಾಯಿಯೂ ಉಳಿಯದ ಅನುಕೂಲಕ್ಕೆ 20 ಲಕ್ಷಕ್ಕೂ ಮೀರಿ ತೆರುವುದು ಯಾವ ಲೆಕ್ಕದಲ್ಲೂ ಒಳ್ಳೆಯ ವ್ಯಾಪಾರವಲ್ಲ. ಮೂವತ್ತರ ಆಸುಪಾಸಿನ ವಯಸ್ಸಿನವರಿಗೆ ‘ನಿಮಗೆ 30 ವರ್ಷ ಸಿಗುತ್ತದೆ’ ಎಂದು ಹೇಳುವಾಗ ಅದೊಂದು ಬಹುಮಾನದಂತೆ ಕೇಳಿಸುತ್ತದೆ, ಎಚ್ಚರವಿರಲಿ.

ಒಂದು ಲಕ್ಷಕ್ಕೆ ಇಷ್ಟು ಎಂದು ನೆನಪಿಟ್ಟುಕೊಂಡರೆ ಬ್ಯಾಂಕಿನ ಕೌಂಟರಿನ ಎದುರಿಗೇ ಲೆಕ್ಕ ಹಾಕಬಹುದು: ಶೇ. 8.5 ಕ್ಕೆ 15 ವರ್ಷವಾದರೆ ಲಕ್ಷಕ್ಕೆ 985 ರೂಪಾಯಿ, 20 ವರ್ಷವಾದರೆ 868, 30 ವರ್ಷವಾದರೆ 769.

ದರ ಏರಿದಾಗ ಸದ್ದಿಲ್ಲದೆ ಬೆಳೆಯುವ ಸಾಲ

ಈ ವಿಷಯಕ್ಕೆ ನಾನು ಹೆಚ್ಚು ಜಾಗ ಕೊಡುತ್ತೇನೆ, ಏಕೆಂದರೆ ಇಲ್ಲಿ ನಾನೇ ಎಡವಿದ್ದೇನೆ. 2019 ರ ಅಕ್ಟೋಬರ್ 1 ರಿಂದ ಬ್ಯಾಂಕುಗಳು ಹೊಸದಾಗಿ ಕೊಡುವ ಬದಲಾಗುವ ದರದ ಗೃಹಸಾಲಗಳನ್ನು ಹೊರಗಿನ ಒಂದು ಮಾನದಂಡಕ್ಕೆ ಕಟ್ಟಬೇಕೆಂದು ರಿಸರ್ವ್ ಬ್ಯಾಂಕ್ ನಿಯಮ ಮಾಡಿತು; ಹೆಚ್ಚಿನ ಬ್ಯಾಂಕುಗಳು ಅದಕ್ಕೆ ರೆಪೊ ದರವನ್ನೇ, ಅಂದರೆ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರವನ್ನೇ, ಆರಿಸಿಕೊಂಡವು. ರೆಪೊ ದರದ ಮೇಲೆ ಬ್ಯಾಂಕು ತನ್ನ ಪಾಲನ್ನು, ಅಂದರೆ ಸ್ಪ್ರೆಡ್ ಅನ್ನು, ಸೇರಿಸಿ ನಿಮ್ಮ ದರ ಹೇಳುತ್ತದೆ. 2020 ರ ಮೇ ತಿಂಗಳಲ್ಲಿ ಶೇ. 4 ಕ್ಕೆ ಇಳಿದಿದ್ದ ರೆಪೊ ದರ 2022 ರ ಮೇ ತಿಂಗಳಿನಿಂದ ಏರತೊಡಗಿ 2023 ರ ಫೆಬ್ರವರಿ ಹೊತ್ತಿಗೆ ಶೇ. 6.5 ತಲುಪಿತು, ಮತ್ತೆ ಇಳಿಯಲು ಆರಂಭಿಸಿದ್ದು 2025 ರ ಫೆಬ್ರವರಿಯಲ್ಲಿ.

2021 ರ ಕೊನೆಯಲ್ಲಿ ನಾನು 20 ಲಕ್ಷ ಸಾಲವನ್ನು ಶೇ. 6.75 ಕ್ಕೆ, 20 ವರ್ಷಕ್ಕೆ ತೆಗೆದುಕೊಂಡಿದ್ದೆ. ಕಂತು 15,207. ದರ ಏರುತ್ತಿದ್ದಾಗ ಫೋನಿಗೆ ಒಂದೊಂದು ಸಂದೇಶ ಬರುತ್ತಿತ್ತು; ಖಾತೆಯಿಂದ ಹೋಗುತ್ತಿದ್ದ ಕಂತು ಮಾತ್ರ ಹಾಗೆಯೇ ಇದ್ದುದರಿಂದ ನಾನು ತಲೆ ಕೆಡಿಸಿಕೊಳ್ಳಲಿಲ್ಲ. 2023 ರಲ್ಲಿ ಒಂದು ದಿನ ಬೇರೆ ಯಾವುದೋ ಕೆಲಸಕ್ಕೆ ಸಾಲದ ಸ್ಟೇಟ್‌ಮೆಂಟ್ ತೆಗೆಸಿದಾಗ ನನ್ನ ದರ ಶೇ. 9.25 ಆಗಿತ್ತು. 15,207 ರೂಪಾಯಿಯ ಕಂತಿನಲ್ಲಿ ಬಡ್ಡಿಯೇ 15,000 ವನ್ನು ದಾಟಿತ್ತು. ಅಸಲಿಗೆ ಹೋಗುತ್ತಿದ್ದುದು 200 ರೂಪಾಯಿಗೂ ಕಡಿಮೆ. ಆ ವೇಗದಲ್ಲಿ ನನ್ನ ಸಾಲ ನನ್ನ ಆಯಸ್ಸಿನೊಳಗೆ ತೀರುವ ಹಾಗಿರಲಿಲ್ಲ. ಶಾಖೆಗೆ ಹೋಗಿ ಮೂಲ ಅವಧಿಯಲ್ಲೇ ಮುಗಿಯುವಂತೆ ಕಂತನ್ನು ಸುಮಾರು 18,300 ಕ್ಕೆ ಏರಿಸಿ ಎಂದು ಬರೆದುಕೊಟ್ಟೆ. ‘ಕಂತು ಏರಿಸಿ ಅಂತ ಕೇಳಿಕೊಂಡು ಬರುವವರು ಅಪರೂಪ ಸರ್’ ಎಂದು ಗುಮಾಸ್ತರು ನಕ್ಕರು.

ಈಗ ಅಕ್ಕನ ಮಗನ ಸಾಲಕ್ಕೆ ಬನ್ನಿ. ದರ ಮೊದಲಲ್ಲೇ ಶೇ. 1 ರಷ್ಟು ಏರಿ 9.5 ಆಯಿತೆಂದುಕೊಳ್ಳಿ. ಕಂತು 26,035 ರಲ್ಲೇ ಇರಲಿ ಎಂದರೆ 240 ತಿಂಗಳ ಸಾಲ ಸುಮಾರು 309 ತಿಂಗಳಿಗೆ ಹಿಗ್ಗುತ್ತದೆ. ಹೆಚ್ಚುವರಿಯಾಗಿ ಕಟ್ಟುವುದು ಸುಮಾರು 17.8 ಲಕ್ಷ. ಅವಧಿ 20 ವರ್ಷವೇ ಇರಲಿ, ಕಂತು ಏರಲಿ ಎಂದರೆ ಕಂತು 27,964 ಆಗುತ್ತದೆ. ಹೆಚ್ಚುವರಿ ಹೊರೆ ಒಟ್ಟು 4.6 ಲಕ್ಷದಷ್ಟು. ಏರಿದ ದರ ಎರಡೂ ಕಡೆ ಒಂದೇ. ಆ ಏರಿಕೆಯನ್ನು ಕಂತಿನಲ್ಲಿ ಹೊರುತ್ತೀರೋ ಅವಧಿಯಲ್ಲಿ ಹೊರುತ್ತೀರೋ ಎಂಬ ಒಂದೇ ಒಂದು ಆಯ್ಕೆಯ ಬೆಲೆ 13 ಲಕ್ಷಕ್ಕೂ ಹೆಚ್ಚು.

ಆ ಆಯ್ಕೆ ನಿಮ್ಮದು. 2023 ರ ಆಗಸ್ಟ್ 18 ರ ಸುತ್ತೋಲೆಯಲ್ಲಿ ರಿಸರ್ವ್ ಬ್ಯಾಂಕ್ ಇದನ್ನು ಸ್ಪಷ್ಟಪಡಿಸಿದೆ: ದರ ಬದಲಾದಾಗ ಕಂತು ಏರಿಸಬೇಕೋ, ಅವಧಿ ಹಿಗ್ಗಿಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಎಂಬ ಅವಕಾಶವನ್ನು ಸಾಲಗಾರರಿಗೆ ಕೊಡಬೇಕು. ಈವರೆಗೆ ವಸೂಲಾದ ಅಸಲು ಮತ್ತು ಬಡ್ಡಿ, ಉಳಿದಿರುವ ಕಂತುಗಳ ಸಂಖ್ಯೆ, ವಾರ್ಷಿಕ ದರ ಇವನ್ನು ತೋರಿಸುವ ಹೇಳಿಕೆಯನ್ನು ಮೂರು ತಿಂಗಳಿಗೊಮ್ಮೆ ಒದಗಿಸಬೇಕು. ಆ ಹೇಳಿಕೆ ಬಂದಾಗ ‘ಉಳಿದಿರುವ ಕಂತುಗಳು’ ಎಂಬ ಒಂದು ಅಂಕಿಯನ್ನು ಕ್ಯಾಲೆಂಡರಿನ ಹಿಂಬದಿಯಲ್ಲಿ ಬರೆದಿಡಿ. ಮೂರು ತಿಂಗಳಲ್ಲಿ ಅದು ಮೂರರಷ್ಟು ಇಳಿದಿರಬೇಕು. ಇಳಿಯದಿದ್ದರೆ ಬ್ಯಾಂಕಿಗೆ ಹೋಗುವ ಕಾರಣ ಸಿಕ್ಕಿತು ಎಂದು ತಿಳಿಯಿರಿ.

ದರ ಇಳಿಯುವಾಗಲೂ ಇದೇ ಎಚ್ಚರ ಬೇಕು. ಆಗ ಕಂತನ್ನು ಇಳಿಸಿಕೊಳ್ಳದೆ ಹಾಗೇ ಬಿಟ್ಟರೆ ಅವಧಿ ತಾನಾಗಿ ಕುಗ್ಗುತ್ತದೆ. ಇನ್ನೊಂದು ವಿಷಯವನ್ನೂ ಗಮನಿಸಬೇಕು: ಹೊಸ ಗ್ರಾಹಕರನ್ನು ಸೆಳೆಯಲು ಬ್ಯಾಂಕುಗಳು ಕಡಿಮೆ ಸ್ಪ್ರೆಡ್ ಕೊಡುವುದುಂಟು, ಹಳೆಯ ಸಾಲಗಾರರ ಸ್ಪ್ರೆಡ್ ಮಾತ್ರ ಹಿಂದಿನದೇ ಇರುತ್ತದೆ. ನಿಮ್ಮ ಶಾಖೆ ಇಂದು ಹೊಸಬರಿಗೆ ಹೇಳುತ್ತಿರುವ ದರವನ್ನು ವರ್ಷಕ್ಕೊಮ್ಮೆ ವಿಚಾರಿಸಿ, ವ್ಯತ್ಯಾಸ ಶೇ. 0.25 ಕ್ಕಿಂತ ಹೆಚ್ಚಿದ್ದರೆ ದರ ಬದಲಾವಣೆಗೆ ಅರ್ಜಿ ಕೊಡುವುದು ಒಳ್ಳೆಯದು. ಬೇರೆ ಬ್ಯಾಂಕಿಗೆ ಸಾಲ ವರ್ಗಾಯಿಸುವುದು ಕೊನೆಯ ದಾರಿ. ಅಲ್ಲಿ ಹೊಸದಾಗಿ ಲೀಗಲ್ ಒಪೀನಿಯನ್, ಮೌಲ್ಯಮಾಪನ, ಅಡಮಾನದ ನೋಂದಣಿ ಎಲ್ಲಕ್ಕೂ ಖರ್ಚಿದೆ. ಸಾಲದ ಮೊದಲ ವರ್ಷಗಳಲ್ಲಾದರೆ ಅದು ಗಿಟ್ಟಬಹುದು, ಕೊನೆಯ ವರ್ಷಗಳಲ್ಲಿ ಗಿಟ್ಟುವುದಿಲ್ಲ.

ಕಂತು ಶುರುವಾಗುವ ಮೊದಲೇ ಹೋಗುವ ಹಣ

ನಮ್ಮ ಜಿಲ್ಲೆಯಲ್ಲಿ ಕಟ್ಟಿ ಮುಗಿಸಿದ ಫ್ಲ್ಯಾಟ್ ಕೊಳ್ಳುವವರಿಗಿಂತ ಸೈಟು ಕೊಂಡು ಮನೆ ಕಟ್ಟಿಸುವವರೇ ಹೆಚ್ಚು. ಹಾಗಾಗಿ ಸಾಲದ ವೆಚ್ಚ ಮೊದಲ ಕಂತಿಗಿಂತ ಬಹಳ ಮೊದಲೇ ಶುರುವಾಗುತ್ತದೆ. ಸೈಟಿನ ಕ್ರಯಕ್ಕೆ ಮುದ್ರಾಂಕ ಶುಲ್ಕ ಶೇ. 5, ಅದರ ಮೇಲೆ ಸೆಸ್ ಮತ್ತು ಸರ್‌ಚಾರ್ಜ್, 2025 ರ ಆಗಸ್ಟ್ 31 ರಿಂದ ಶೇ. 2 ಕ್ಕೆ ಏರಿರುವ ನೋಂದಣಿ ಶುಲ್ಕ ಇವೆಲ್ಲ ಸೇರಿ ನಗರ ಪ್ರದೇಶದಲ್ಲಿ ಶೇ. 7.6 ಆಗುತ್ತದೆ. 15 ಲಕ್ಷದ ಸೈಟಿಗೆ 1,14,000 ರೂಪಾಯಿ. ಇದನ್ನು ಸಾಮಾನ್ಯವಾಗಿ ಕೈಯಿಂದಲೇ ಹೊಂದಿಸಬೇಕು, ಏಕೆಂದರೆ ಸಣ್ಣ ಮೊತ್ತದ ಮನೆಗಳನ್ನು ಬಿಟ್ಟರೆ ಸಾಲಕ್ಕಾಗಿ ಆಸ್ತಿಯ ಬೆಲೆ ಕಟ್ಟುವಾಗ ಈ ಶುಲ್ಕಗಳನ್ನು ಸೇರಿಸುವಂತಿಲ್ಲ.

ಕಟ್ಟಡದ ಸಾಲ ಒಂದೇ ಸಲ ಕೈಗೆ ಬರುವುದಿಲ್ಲ. ತಳಪಾಯ, ಲಿಂಟಲ್, ತಾರಸಿ, ಗಾರೆ ಎಂದು ಕೆಲಸ ಮುಂದುವರಿದಂತೆ ಎಂಜಿನಿಯರ್ ಬಂದು ನೋಡಿ ಬರೆದುಕೊಟ್ಟ ಮೇಲೆ ಬಿಡುಗಡೆಯಾಗುತ್ತದೆ. ಅಲ್ಲಿಯವರೆಗೆ ಬಿಡುಗಡೆಯಾದ ಹಣಕ್ಕೆ ಬಡ್ಡಿ ಮಾತ್ರ ಕಟ್ಟುತ್ತಾ ಹೋಗುತ್ತೀರಿ. ಇದನ್ನು ಪ್ರೀ-ಇಎಂಐ ಎನ್ನುತ್ತಾರೆ. ಮೊದಲ ನಾಲ್ಕು ತಿಂಗಳು 8 ಲಕ್ಷ, ಮುಂದಿನ ನಾಲ್ಕು ತಿಂಗಳು 16 ಲಕ್ಷ, ಆಮೇಲಿನ ನಾಲ್ಕು ತಿಂಗಳು 24 ಲಕ್ಷ ಎಂದು ಹಿಡಿದರೆ ವರ್ಷದಲ್ಲಿ 1,36,000 ರೂಪಾಯಿ ಬಡ್ಡಿ ಹೋಗಿರುತ್ತದೆ, ಅಸಲು ಒಂದು ರೂಪಾಯಿಯೂ ಇಳಿದಿರುವುದಿಲ್ಲ. ಅದೇ ವರ್ಷ ಬಾಡಿಗೆ ಮನೆಯ ಬಾಡಿಗೆಯೂ ನಡೆಯುತ್ತಿರುತ್ತದೆ. ಮೇಸ್ತ್ರಿ ಎರಡು ತಿಂಗಳು ಕೈಕೊಟ್ಟರೆ, ಮಳೆಗಾಲ ತಾರಸಿ ಹಾಕುವ ಹೊತ್ತಿಗೇ ಹಿಡಿದುಕೊಂಡರೆ, ಆ ಕಾಯುವಿಕೆಗೂ ಬಡ್ಡಿಯ ರೂಪದಲ್ಲಿ ಬೆಲೆಯಿದೆ. ಸಕಲೇಶಪುರದ ಕಡೆ ಕಟ್ಟಿಸುವವರು ಕೆಲಸದ ಆರಂಭವನ್ನು ಮಳೆ ನಿಂತ ಮೇಲಕ್ಕೆ ಇಟ್ಟುಕೊಳ್ಳುವುದರಲ್ಲಿ ಇದೂ ಒಂದು ಜಾಣತನ.

ಇನ್ನು ಕಾಗದಗಳ ನಡುವೆ ಸೇರಿಕೊಂಡು ಬರುವ ವಿಮೆ. ಅಕ್ಕನ ಮಗನ ಮಂಜೂರಾತಿ ಪತ್ರದ ಮೂರನೆಯ ಪುಟದಲ್ಲಿ, ಸಣ್ಣ ಅಕ್ಷರದಲ್ಲಿ, ಒಂದೇ ಸಲ ಕಟ್ಟುವ 90,000 ರೂಪಾಯಿಯ ವಿಮಾ ಪ್ರೀಮಿಯಂ ಇತ್ತು. ಅದನ್ನು ಸಾಲಕ್ಕೇ ಸೇರಿಸಲಾಗಿತ್ತು. ‘ಕೈಯಿಂದ ಏನೂ ಕೊಡಬೇಕಾಗಿಲ್ಲ’ ಎಂದು ಅವನಿಗೆ ಹೇಳಿದ್ದರಂತೆ. ಸಾಲಕ್ಕೆ ಸೇರಿದ 90,000 ಕ್ಕೆ 20 ವರ್ಷದಲ್ಲಿ ಅವನು ಕಟ್ಟುವುದು 1,87,000 ಕ್ಕೂ ಹೆಚ್ಚು. ದುಡಿಯುವವರಿಗೆ ಏನಾದರೂ ಆದರೆ ಸಾಲ ಮನೆಯವರ ತಲೆಗೆ ಬರಬಾರದು ಎಂಬುದು ನಿಜ, ವಿಮೆ ಬೇಕೇ ಬೇಕು. ಆದರೆ ಅದನ್ನು ಬ್ಯಾಂಕು ತೋರಿಸಿದ ಕಂಪನಿಯಿಂದಲೇ ಕೊಳ್ಳಬೇಕೆಂಬ ಕಡ್ಡಾಯವಿಲ್ಲ. ವರ್ಷ ವರ್ಷ ಪ್ರೀಮಿಯಂ ಕಟ್ಟುವ ಸಾಮಾನ್ಯ ಟರ್ಮ್ ಪಾಲಿಸಿಯ ಬೆಲೆಯನ್ನು ಹೊರಗೆ ವಿಚಾರಿಸಿ, ಎರಡನ್ನೂ ಎದುರುಬದುರು ಇಟ್ಟು ನೋಡಿ ನಿರ್ಧರಿಸಬೇಕು.

ಇವನ್ನೆಲ್ಲ ಒಂದೇ ಅಂಕಿಯಲ್ಲಿ ನೋಡುವ ದಾರಿಯೊಂದಿದೆ. 2024 ರ ಅಕ್ಟೋಬರ್ 1 ರಿಂದ ಮಂಜೂರಾಗುವ ಸಾಲಗಳಿಗೆ ಬ್ಯಾಂಕು ‘ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್’ ಎಂಬ ಮುಖ್ಯಾಂಶಗಳ ಪತ್ರವನ್ನು ಕೊಡಬೇಕು. ಅದರಲ್ಲಿ ಎಪಿಆರ್, ಅಂದರೆ ಶುಲ್ಕಗಳನ್ನೂ ಒಳಗೊಂಡ ವಾರ್ಷಿಕ ದರ, ಬರೆದಿರುತ್ತದೆ. ನಮ್ಮ ಉದಾಹರಣೆಯಲ್ಲಿ ಜಿಎಸ್‌ಟಿ ಸೇರಿ 17,700 ರೂಪಾಯಿ ಪ್ರೊಸೆಸಿಂಗ್ ಶುಲ್ಕ ಮಾತ್ರ ಇದ್ದರೆ ಶೇ. 8.5 ರ ಸಾಲದ ನಿಜ ದರ ಶೇ. 8.58 ರಷ್ಟಾಗುತ್ತದೆ. ಮೇಲಿನ ವಿಮೆಯನ್ನೂ ಸೇರಿಸಿದರೆ ಅದು ಶೇ. 9 ರ ಹತ್ತಿರಕ್ಕೆ ಹೋಗುತ್ತದೆ. ಎರಡು ಬ್ಯಾಂಕುಗಳನ್ನು ಹೋಲಿಸುವಾಗ ಫಲಕದ ಮೇಲಿನ ದರವನ್ನು ಬಿಟ್ಟು ಈ ಎಪಿಆರ್ ಅನ್ನೇ ಹೋಲಿಸಿ.

ಎಸ್ಟಿಮೇಟಿನಲ್ಲಿ ಇಲ್ಲದ ಮೂರು ಲಕ್ಷ

ಬ್ಯಾಂಕಿಗೆ ಕೊಡುವ ಎಸ್ಟಿಮೇಟಿನಲ್ಲಿ ಗೋಡೆ, ತಾರಸಿ, ನೆಲ ಎಲ್ಲ ಇರುತ್ತವೆ. ಹೊಸ ಬಡಾವಣೆಯಲ್ಲಿ ಒಳಚರಂಡಿ ಬಾರದೆ ತೋಡಿಸಬೇಕಾದ ಪಿಟ್, ಸಂಪು, ಬೋರ್‌ವೆಲ್, ಕಾಂಪೌಂಡ್, ಚೆಸ್ಕಾಂ ವಿದ್ಯುತ್ ಸಂಪರ್ಕ, ಅಡುಗೆಮನೆಯ ಮರಗೆಲಸ ಇವು ಎಷ್ಟೋ ಸಲ ಇರುವುದಿಲ್ಲ. ಗೃಹಪ್ರವೇಶದ ಊಟವಂತೂ ಇರುವುದೇ ಇಲ್ಲ. ಕೊನೆಯ ಎರಡು ತಿಂಗಳಲ್ಲಿ ಇವೆಲ್ಲ ಒಟ್ಟಿಗೆ ಬಂದು ನಿಲ್ಲುತ್ತವೆ. ಆಗ ಕೈಸಾಲ ಶುರುವಾಗುತ್ತದೆ.

‘ಎರಡು ರೂಪಾಯಿ ಬಡ್ಡಿ’ ಎನ್ನುವ ಮಾತು ಕಿವಿಗೆ ಚಿಕ್ಕದಾಗಿ ಕೇಳಿಸುತ್ತದೆ. ನೂರಕ್ಕೆ ತಿಂಗಳಿಗೆ ಎರಡು ರೂಪಾಯಿ ಎಂದರೆ ವರ್ಷಕ್ಕೆ ಶೇ. 24. ಮೂರು ಲಕ್ಷಕ್ಕೆ ತಿಂಗಳಿಗೆ 6,000 ಬಡ್ಡಿ ಕಟ್ಟುತ್ತಲೇ ಇರಬೇಕು, ಅಸಲು ಹಾಗೇ ನಿಂತಿರುತ್ತದೆ. ಅದೇ ಮೂರು ಲಕ್ಷವನ್ನು ಮೊದಲೇ ಗೃಹಸಾಲದಲ್ಲಿ ಸೇರಿಸಿಕೊಂಡಿದ್ದರೆ ಕಂತು ಹೆಚ್ಚುತ್ತಿದ್ದುದು 2,603 ರೂಪಾಯಿ ಮಾತ್ರ, ಅದರಲ್ಲಿ ಅಸಲೂ ತೀರುತ್ತಿತ್ತು. ಎರಡು ವರ್ಷ ಈ ಕೈಸಾಲವನ್ನು ಎಳೆದರೆ ಬಡ್ಡಿಗೇ 1,44,000 ಹೋಗಿರುತ್ತದೆ. ಮನೆ ಕಟ್ಟಿ ಸೋತವರ ಲೆಕ್ಕ ನೋಡಿದಾಗಲೆಲ್ಲ ನನಗೆ ಕಂಡಿರುವುದು ಇದೇ: ಬ್ಯಾಂಕಿನ ಸಾಲಕ್ಕಿಂತ ಅದರ ಬಾಲದಲ್ಲಿ ಬಂದ ಸಣ್ಣ ಸಾಲವೇ ಅವರನ್ನು ಮುರಿದಿರುತ್ತದೆ.

ಆದ್ದರಿಂದ ಎಸ್ಟಿಮೇಟ್ ಬರೆಸುವಾಗ ಸಂಪು, ಕಾಂಪೌಂಡ್, ಪಿಟ್‌ಗಳನ್ನು ಹೆಸರು ಹಿಡಿದು ಸೇರಿಸಿ. ಅರ್ಹತೆ ಇದ್ದಲ್ಲಿ ಸ್ವಲ್ಪ ಹೆಚ್ಚಿನ ಮೊತ್ತವನ್ನು ಮಂಜೂರು ಮಾಡಿಸಿಟ್ಟುಕೊಂಡು, ಬೇಕಾಗದಿದ್ದರೆ ಬಿಡುಗಡೆ ಮಾಡಿಸಿಕೊಳ್ಳದೆ ಬಿಡಬಹುದು. ಬಡ್ಡಿ ಬೀಳುವುದು ಬಿಡುಗಡೆಯಾದ ಹಣಕ್ಕೆ ಮಾತ್ರ. ಅರ್ಹತೆ ಇಲ್ಲವಾದರೆ ಮನೆಯನ್ನೇ ಒಂದು ಚದರ ಚಿಕ್ಕದು ಮಾಡಿ ಎನ್ನುತ್ತೇನೆ. ಈ ಮಾತು ಹೇಳಿದಾಗ ಅಕ್ಕ ನನ್ನ ಮೇಲೆ ಸಿಟ್ಟಾಗಿದ್ದಳು, ದೇವರಮನೆ ಕಡಿಮೆಯಾಗುತ್ತದೆಂದು.

ಮುಂಗಡ ಕಟ್ಟುವ ಹಣ ಮತ್ತು ಕಾಫಿಯ ಕ್ಯಾಲೆಂಡರು

ಮೊದಲ ವರ್ಷದ ಕೊನೆಯಲ್ಲಿ ಒಂದು ಲಕ್ಷ ರೂಪಾಯಿಯನ್ನು ಹೆಚ್ಚುವರಿಯಾಗಿ ಅಸಲಿಗೆ ಕಟ್ಟಿ, ಕಂತನ್ನು ಬದಲಿಸದೆ ಇಟ್ಟರೆ, ಸಾಲದ ಬಾಲದಿಂದ 18 ಕಂತುಗಳು ಉದುರಿಹೋಗುತ್ತವೆ. ಉಳಿಯುವ ಬಡ್ಡಿ ಸುಮಾರು 3.7 ಲಕ್ಷ. ಅದೇ ಒಂದು ಲಕ್ಷವನ್ನು 15 ನೆಯ ವರ್ಷದ ಕೊನೆಯಲ್ಲಿ ಕಟ್ಟಿದರೆ ಉಳಿಯುವುದು ಸುಮಾರು 50,000. ನಿವೃತ್ತಿಯಾದಾಗ ಬರುವ ಹಣದಿಂದ ಒಟ್ಟಿಗೆ ತೀರಿಸುತ್ತೇನೆ ಎನ್ನುವವರು ಈ ಎರಡು ಅಂಕಿಗಳನ್ನು ನೋಡಬೇಕು.

ಕಂತು ತಿಂಗಳ ಲೆಕ್ಕದಲ್ಲಿದೆ, ನಮ್ಮ ಕಡೆಯ ಎಷ್ಟೋ ಮನೆಗಳ ಆದಾಯ ವರ್ಷದ ಲೆಕ್ಕದಲ್ಲಿದೆ. ಅರೇಬಿಕಾ ಕೊಯ್ಲು ನವೆಂಬರಿನಿಂದ ಜನವರಿಯವರೆಗೆ, ರೊಬಸ್ಟಾ ಜನವರಿಯಿಂದ ಮಾರ್ಚಿನವರೆಗೆ ನಡೆಯುತ್ತದೆ, ಜೊತೆಗೆ ಮೆಣಸು. ಸಂಬಳದ ಕೆಲಸದ ಜೊತೆಗೆ ಊರಿನಲ್ಲಿ ಒಂದೆರಡು ಎಕರೆ ತೋಟ ಇರುವವರಿಗೆ ಬೇಸಿಗೆಯ ಆರಂಭದಲ್ಲಿ ಒಂದಿಷ್ಟು ಹಣ ಕೈಗೆ ಬರುತ್ತದೆ. ಪ್ರತಿ ವರ್ಷ ಆ ಹೊತ್ತಿಗೆ 50,000 ರೂಪಾಯಿಯನ್ನು ಸಾಲಕ್ಕೆ ಕಟ್ಟುತ್ತಾ ಬಂದರೆ ನಮ್ಮ 20 ವರ್ಷದ ಸಾಲ ಸುಮಾರು 14 ವರ್ಷ 7 ತಿಂಗಳಿಗೆ ಮುಗಿಯುತ್ತದೆ, ಬಡ್ಡಿಯಲ್ಲಿ 9.9 ಲಕ್ಷದಷ್ಟು ಉಳಿಯುತ್ತದೆ. ಶುಂಠಿ ನಂಬಿ ಮಾತ್ರ ಇಂಥ ಲೆಕ್ಕ ಹಾಕಬೇಡಿ. ಅದರ ಬೆಲೆ ಒಂದು ವರ್ಷ ಮೇಲೆತ್ತಿ ಮರುವರ್ಷ ನೆಲಕ್ಕೆ ಬಿಡುವುದನ್ನು ಜಿಲ್ಲೆಯವರಿಗೆ ನಾನು ಹೇಳಬೇಕಾಗಿಲ್ಲ.

ತೋಟದ ಹಣ ಮಳೆಗಾಲದಲ್ಲಿ ಆಳುಗಳ ಕೂಲಿಗೆ, ಗೊಬ್ಬರಕ್ಕೆ ಮತ್ತೆ ಬೇಕಾಗುತ್ತದೆ ಎನ್ನುವವರು ಓವರ್‌ಡ್ರಾಫ್ಟ್ ಮಾದರಿಯ ಗೃಹಸಾಲವನ್ನು ವಿಚಾರಿಸಬಹುದು. ಅದರಲ್ಲಿ ಹೆಚ್ಚುವರಿ ಹಣವನ್ನು ಸಾಲದ ಖಾತೆಯಲ್ಲೇ ಇಟ್ಟಿದ್ದು, ಬೇಕಾದಾಗ ಹಿಂದಕ್ಕೆ ತೆಗೆಯಬಹುದು. ಇಟ್ಟಷ್ಟು ದಿನ ಅಷ್ಟು ಹಣಕ್ಕೆ ಬಡ್ಡಿ ಬೀಳುವುದಿಲ್ಲ. ಮೂರು ಲಕ್ಷವನ್ನು ಐದು ತಿಂಗಳು ಹೀಗೆ ಇಟ್ಟರೆ ಶೇ. 8.5 ರಂತೆ 10,625 ರೂಪಾಯಿ ಉಳಿಯುತ್ತದೆ. ಈ ಬಗೆಯ ಸಾಲಕ್ಕೆ ದರ ಸ್ವಲ್ಪ ಹೆಚ್ಚಿರುವುದರಿಂದ, ನಿಜವಾಗಿಯೂ ಹಣ ನಿಲ್ಲಿಸುವ ಅಭ್ಯಾಸ ಇಲ್ಲದವರಿಗೆ ಇದು ನಷ್ಟವೇ.

ಬದಲಾಗುವ ದರದ ಗೃಹಸಾಲಕ್ಕೆ ವ್ಯಕ್ತಿಗಳಿಂದ ಮುಂಗಡ ಪಾವತಿಯ ದಂಡ ವಸೂಲು ಮಾಡಬಾರದೆಂದು ರಿಸರ್ವ್ ಬ್ಯಾಂಕ್ 2012 ರಲ್ಲೇ ಬ್ಯಾಂಕುಗಳಿಗೆ ಹೇಳಿದೆ. ಹಣ ಕಟ್ಟುವಾಗ ‘ಇದು ಅಸಲಿಗೆ ಜಮೆಯಾಗಲಿ, ಕಂತು ಹಾಗೇ ಇರಲಿ, ಅವಧಿ ಕಡಿಮೆಯಾಗಲಿ’ ಎಂದು ಬರವಣಿಗೆಯಲ್ಲಿ ಕೊಟ್ಟು, ಪ್ರತಿಗೆ ಸೀಲು ಹಾಕಿಸಿಕೊಳ್ಳಿ. ಹಾಗೆ ಹೇಳದಿದ್ದರೆ ಕಂತನ್ನು ಇಳಿಸಿ ಅವಧಿಯನ್ನು ಹಾಗೇ ಬಿಡುವ ಸಾಧ್ಯತೆ ಇದೆ, ಆಗ ಲಾಭ ಬಹಳ ಕರಗುತ್ತದೆ. ಒಂದು ಎಚ್ಚರ: ಆರು ತಿಂಗಳ ಮನೆಖರ್ಚು ಮತ್ತು ಕಂತಿನಷ್ಟು ಹಣವನ್ನು ಬೇರೆ ಇಡದೆ ಎಲ್ಲವನ್ನೂ ಸಾಲಕ್ಕೆ ಸುರಿದರೆ, ಆಸ್ಪತ್ರೆ ಖರ್ಚು ಬಂದ ದಿನ ಮತ್ತೆ ಎರಡು ರೂಪಾಯಿ ಬಡ್ಡಿಯ ಬಾಗಿಲಿಗೇ ಹೋಗಬೇಕಾಗುತ್ತದೆ.

ವೆಚ್ಚವನ್ನು ಇಳಿಸುವ ಅಂಶಗಳು

ಇಷ್ಟು ಹೊತ್ತು ವೆಚ್ಚ ಏರುವುದನ್ನೇ ಹೇಳಿದೆ. ಇಳಿಯುವುದನ್ನೂ ಹೇಳದಿದ್ದರೆ ಲೆಕ್ಕ ಏಕಪಕ್ಷೀಯವಾಗುತ್ತದೆ. ತೆರಿಗೆಯಲ್ಲಿ, ಸ್ವಂತ ವಾಸದ ಮನೆಯ ಸಾಲದ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗಿನ ವಿನಾಯಿತಿ ಇರುವುದು ಹಳೆಯ ಪದ್ಧತಿಯಲ್ಲಿ ಮಾತ್ರ. ಶೇ. 20 ರ ಹಂತದಲ್ಲಿರುವವರಿಗೆ ಅದು ಸೆಸ್ ಸೇರಿ 41,600 ರೂಪಾಯಿಯ ಉಳಿತಾಯ. ಹೊಸ ಪದ್ಧತಿ ಆರಿಸಿಕೊಂಡವರಿಗೆ ಇದು ಸಿಗುವುದಿಲ್ಲ. 2025-26 ರಿಂದ ಹೊಸ ಪದ್ಧತಿಯಲ್ಲಿ 12 ಲಕ್ಷದವರೆಗಿನ ಆದಾಯಕ್ಕೆ ತೆರಿಗೆಯೇ ಬರದಿರುವುದರಿಂದ, ‘ತೆರಿಗೆ ಉಳಿಯುತ್ತದೆ, ಸಾಲ ಮಾಡು’ ಎಂಬ ಹಳೆಯ ಸಲಹೆ ಬಹಳ ಮನೆಗಳಿಗೆ ಈಗ ಅನ್ವಯಿಸುವುದಿಲ್ಲ.

ಪ್ರಧಾನಮಂತ್ರಿ ಆವಾಸ್ ಯೋಜನೆ ನಗರ 2.0 ರ ಬಡ್ಡಿ ಸಹಾಯಧನವನ್ನು ಮರೆಯಬಾರದು. ವಾರ್ಷಿಕ ಆದಾಯ 9 ಲಕ್ಷದವರೆಗಿದ್ದು, ದೇಶದಲ್ಲಿ ಎಲ್ಲೂ ಪಕ್ಕಾ ಮನೆ ಇಲ್ಲದ ಕುಟುಂಬಕ್ಕೆ, 35 ಲಕ್ಷದೊಳಗಿನ ಮನೆಗೆ, 25 ಲಕ್ಷದೊಳಗಿನ ಸಾಲಕ್ಕೆ ಗರಿಷ್ಠ 1.80 ಲಕ್ಷ ರೂಪಾಯಿ ಐದು ವಾರ್ಷಿಕ ಕಂತುಗಳಲ್ಲಿ ಸಿಗುತ್ತದೆ. ನಮ್ಮ 30 ಲಕ್ಷದ ಸಾಲ ಇದರ ಹೊರಗೆ ಉಳಿಯುತ್ತದೆ. ಸಾಲವನ್ನು 25 ಕ್ಕೆ ಇಳಿಸುವ ಸಾಧ್ಯತೆ ಇದ್ದರೆ ಸಹಿ ಹಾಕುವ ಮೊದಲೇ ಯೋಚಿಸಬೇಕು.

ಹಣದುಬ್ಬರವೂ ಸಾಲಗಾರನ ಕಡೆಗಿದೆ. ಇಪ್ಪತ್ತನೆಯ ವರ್ಷದಲ್ಲಿ ಕಟ್ಟುವ 26,035 ರೂಪಾಯಿ ಇಂದಿನ 26,035 ಅಲ್ಲ. ಬೆಲೆಗಳು ವರ್ಷಕ್ಕೆ ಶೇ. 5 ರಂತೆ ಏರುತ್ತವೆ ಎಂದು ಊಹಿಸಿಕೊಂಡರೆ, ಕಟ್ಟುವ 62.48 ಲಕ್ಷದ ಇಂದಿನ ಬೆಲೆ ಸುಮಾರು 39.4 ಲಕ್ಷ. ಆದ್ದರಿಂದ ‘ಮೂವತ್ತಕ್ಕೆ ಅರವತ್ತೆರಡು ಕಟ್ಟಬೇಕು, ಸಾಲವೇ ಬೇಡ’ ಎಂದು ಹೆದರಿ ಓಡುವುದೂ ಸರಿಯಲ್ಲ. ಆದರೆ ಈ ಅನುಕೂಲ ಇರುವುದು ಸಂಬಳ ಬೆಲೆಯ ಜೊತೆಜೊತೆಗೇ ಏರುವವರಿಗೆ.

ಸಾಲ ತೀರಿದ ಮೇಲೆ

ಕೊನೆಯ ಕಂತು ಕಟ್ಟಿದ ದಿನ ವೆಚ್ಚ ಪೂರ್ತಿ ಮುಗಿಯುವುದಿಲ್ಲ. ಸಾಲ ಪೂರ್ತಿ ತೀರಿದ 30 ದಿನಗಳೊಳಗೆ ಮೂಲ ಹಕ್ಕುಪತ್ರಗಳನ್ನು ಬ್ಯಾಂಕು ಹಿಂದಿರುಗಿಸಬೇಕು. ಅದರದೇ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿಯಂತೆ ಪರಿಹಾರ ಕೊಡಬೇಕೆಂಬ ನಿಯಮ 2023 ರ ಡಿಸೆಂಬರ್ 1 ರಿಂದ ಜಾರಿಯಲ್ಲಿದೆ. ಸಾಲ ಪಡೆಯುವಾಗ ಯಾವ ಯಾವ ಪತ್ರಗಳನ್ನು ಕೊಟ್ಟಿದ್ದಿರಿ ಎಂಬ ಪಟ್ಟಿಯನ್ನು ಸಹಿ ಸಮೇತ ಅಂದೇ ಪಡೆದು ಜೋಪಾನ ಮಾಡಿದ್ದರೆ ಮಾತ್ರ ಈ ನಿಯಮ ಉಪಯೋಗಕ್ಕೆ ಬರುತ್ತದೆ. ಪತ್ರಗಳು ಬಂದ ಮೇಲೆ ಉಪನೋಂದಣಿ ಕಚೇರಿಯಲ್ಲಿ ಅಡಮಾನದ ವಿಮೋಚನೆಯನ್ನು ನೋಂದಾಯಿಸಬೇಕು, ಅದಕ್ಕೂ ಒಂದಿಷ್ಟು ಶುಲ್ಕವಿದೆ. ಅದಾಗಿ ಕೆಲವು ದಿನ ಬಿಟ್ಟು ನೋಂದಣಿ ಇಲಾಖೆಯ ಕಾವೇರಿ ಜಾಲತಾಣದಲ್ಲಿ ಹೊಸದಾಗಿ ಇ.ಸಿ., ಅಂದರೆ ಋಣಭಾರ ಪ್ರಮಾಣಪತ್ರ, ತೆಗೆಸಿ, ಬ್ಯಾಂಕಿನ ಅಡಮಾನದ ನಮೂದಿನ ಕೆಳಗೆ ವಿಮೋಚನೆಯ ನಮೂದೂ ಬಂದಿದೆಯೇ ಎಂದು ಕಣ್ಣಾರೆ ನೋಡಿದ ಮೇಲೆ ಕಡತವನ್ನು ಕಟ್ಟಿ ಬೀರುವಿನಲ್ಲಿಡಿ.